ಹೆಬ್ಬೆರಳಿನ ಲೆವೆಲ್

2008ರಲ್ಲಿ ನಾನು ಗುರುವಾಯನಕೆರೆಯಲ್ಲಿ ಫಿಸಿಯೋಥೆರಪಿ ಕ್ಲಿನಿಕ್ ನಡೆಸುತ್ತಿದ್ದೆ. ಊರವರ ಬಾಯಲ್ಲಿ ನಾನು ‘ಎಣ್ಣೆ ತಿಕ್ಕುವ ಡಾಕ್ಟ್ರು’. ಅದಕ್ಕೆ ಸಿಟ್ಟಾಗುವುದನ್ನು ಆ ಹೊತ್ತಿಗೆ ಬಿಟ್ಟಿದ್ದೆ.

ವಾರಕ್ಕೊಮ್ಮೆ ಅನ್ಸಾರನ ಮನೆಗೆ ಹೋಗುತ್ತಿದ್ದೆ. ಇಪ್ಪತ್ತು ದಾಟಿದ ಹುಡುಗ. ಮಸ್ಕ್ಯುಲರ್ ಡಿಸ್ಟ್ರೋಫಿ, ಅಂದರೆ ಸ್ನಾಯುಗಳು ಒಂದೊಂದಾಗಿ ಸೊರಗುತ್ತ ಹೋಗುವ ಕಾಯಿಲೆ, ಮದ್ದಿಲ್ಲ. ಕಾಲು ಹೋಗಿ ವರ್ಷಗಳಾಗಿದ್ದವು, ತೋಳೂ ಏಳುತ್ತಿರಲಿಲ್ಲ. ಬೆರಳುಗಳು ಮಾತ್ರ ಉಳಿದಿದ್ದವು.

ಸೌದಿಯ ದಮ್ಮಾಮಿನಲ್ಲಿದ್ದ ತಂದೆ ಕಳಿಸಿದ, ಕೈಯಲ್ಲಿ ಹಿಡಿದು ಆಡುವ ವಿಡಿಯೋ ಗೇಮ್ ಸದಾ ಅವನ ಮಡಿಲಲ್ಲಿರುತ್ತಿತ್ತು. ಅದು ಬರೀ ಫುಟ್‌ಬಾಲ್ ಅಲ್ಲ, ಕಥೆಯೂ ಹೌದು. ಊರೂರು ತಿರುಗಿ, ಸಿಕ್ಕವರನ್ನು ಮಾತಾಡಿಸಿ ತಂಡ ಕಟ್ಟಬೇಕು. ಆಡಿದಷ್ಟೂ ಆಟಗಾರರ ಲೆವೆಲ್ ಏರುತ್ತದೆ. ಅನ್ಸಾರನ ತಂಡ ಫೈನಲ್‌ಗೆ ಬಂದಿತ್ತು. ಅದನ್ನು ತಾನೇ ಆಡಿ ಗೆಲ್ಲಬೇಕು, ಅವನಿಗೆ ಬೇರೆ ಆಸೆಯೇ ಇರಲಿಲ್ಲ. ಆದರೆ ಅವನು ಬಟನ್ ಒತ್ತುವಷ್ಟರಲ್ಲಿ ಎದುರಾಳಿ ಚೆಂಡು ಕಸಿದಿರುತ್ತಿದ್ದ.

ನಾವು ಸ್ನಾಯುವಿನ ಬಲಕ್ಕೆ ಸೊನ್ನೆಯಿಂದ ಐದರವರೆಗೆ ಗ್ರೇಡ್ ಕೊಡುತ್ತೇವೆ, ಐದೆಂದರೆ ಪೂರ್ತಿ ಬಲ. ಅನ್ಸಾರ್ ಅದನ್ನೂ ಲೆವೆಲ್ ಎಂದೇ ಕರೆಯುತ್ತಿದ್ದ.

“ಸರ್, ಹೆಬ್ಬೆರಳು ಎಷ್ಟನೇ ಲೆವೆಲಲ್ಲಿ ಉಂಟು?”

“ಮೂರು.”

“ಹೋದ ಸಲವೂ ಮೂರೇ ಅಲ್ವಾ? ಹಾಗಾದ್ರೆ ಆಡುವ.”

ಮಳೆಗಾಲ ಮುಗಿಯುವಾಗ ಅದು ಎರಡಾಯಿತು. ಎರಡೆಂದರೆ ಬೆರಳು ಅಲುಗುತ್ತದೆ, ಬಟನ್ ತಗ್ಗುವುದಿಲ್ಲ. ಸುಳ್ಳು ಹೇಳಲು ಬಾಯಿ ಬರಲಿಲ್ಲ. ಸಂಕಟಪಟ್ಟುಕೊಂಡೇ ನಿಜ ಹೇಳಿದೆ. ಅವನು ತಾಯಿ ಝುಬೈದಾರನ್ನು ಕರೆದ.

“ಉಮ್ಮಾ, ಇಲ್ಲಿ ಬಾ. ನಾನು ಹೇಳ್ತೇನೆ, ನೀನು ಒತ್ತು.”

ತಮ್ಮವರು ಯಾರು, ಎದುರಿನವರು ಯಾರು ಎಂದೂ ತಿಳಿಯದ ಆಕೆ ಎದುರಾಳಿಗೇ ಚೆಂಡು ಪಾಸ್ ಮಾಡಿ ಮಗನಿಂದ ಬೈಸಿಕೊಳ್ಳುತ್ತಿದ್ದರು. “ನಿನ್ನ ಲೆವೆಲ್ ಒಂದು ಮಾತ್ರ ಉಮ್ಮಾ” ಎಂದು ಅವನು ನಗುತ್ತಿದ್ದ. ಬರಬರುತ್ತ ಆ ನಗುವಿಗೂ ಉಸಿರು ಸಾಲದಾಯಿತು. ಆಕೆ ಮಾತ್ರ ಹಟ ಹಿಡಿದು ಕಲಿತರು. ಒಮ್ಮೆ ಫೈನಲ್‌ನಲ್ಲಿ ಒಂದೇ ಗೋಲಿನಿಂದ ಸೋತರು. ಮುಂದಿನ ವಾರ ನಾನು ಹೋಗುವಾಗ ಅನ್ಸಾರನ ದಫನ ಮುಗಿದಿತ್ತು.

ಆಮೇಲೊಮ್ಮೆ ಆ ದಾರಿಯಾಗಿ ಬಂದವನು ಒಳಗೆ ಹೋದೆ. ಝುಬೈದಾ ಗೇಮ್ ಹಿಡಿದು ಕೂತಿದ್ದರು. ಫೈನಲ್ ತೆರೆದೇ ಇತ್ತು.

“ಆಡಲಿಲ್ವಾ?” ಎಂದೆ.

“ಅವನು ಹೇಳದೆ ನಾನು ಯಾವುದನ್ನು ಒತ್ತುವುದು, ಡಾಕ್ಟ್ರೇ?”

ಬಲ ಅಳೆಯುವುದು ನನ್ನ ವೃತ್ತಿ. ಆಕೆಯ ಹೆಬ್ಬೆರಳಿಗೆ ಯಾರಾದರೂ ಐದೇ ಕೊಡುತ್ತಿದ್ದರು. ಐದಿದ್ದರೂ ಬೆರಳು ಒತ್ತಲಾರದು ಎಂಬುದನ್ನು ನಾನು ಕಲಿತದ್ದು ಅಲ್ಲಿ.