ಒಂಬತ್ತು ಸೊನ್ನೆಗಳು

ಆತ ಸೊನ್ನೆ ಬರೆಯುವ ರೀತಿ ಇವತ್ತಿಗೂ ನನ್ನ ಕಣ್ಣಿಗೆ ಕಟ್ಟಿದಂತಿದೆ. ಪೆನ್ನು ಎತ್ತುವುದಿಲ್ಲ. ಮೊದಲ ಪ್ರಶ್ನೆಯ ಮುಂದೆ ಒಂದು ಸೊನ್ನೆ ಸುತ್ತಿ, ಅದಕ್ಕೆ ಬಾಲ ಎಳೆದು, ಎರಡನೆಯದರ ಮುಂದೆ ಇನ್ನೊಂದು ಸುತ್ತಿ, ಒಂಬತ್ತನೆಯದರ ತನಕ ಒಂದೇ ಸರಪಳಿ. ಕೆಳಗೆ ಮೊತ್ತ, ಅದೂ ಸೊನ್ನೆ. ಅದರ ಕೆಳಗೆ ಸಹಿ. ನನ್ನ ಅಬ್ಬಾನ ಮನಸ್ಸನ್ನು ಆತ ಹೀಗೆ ಅಳೆದು ಹೋದ. ಅವತ್ತು ಆತನಿಗೆ ಚಹಾ ಮಾಡಿಕೊಟ್ಟವಳು ನಾನೇ.

ಅಬ್ಬಾ ಗೌಂಡಿ ಕೆಲಸದವನು. ಅಣ್ಣಿಗೇರಿಯಿಂದ ಶಲವಡಿಯ ತನಕ ಆತ ಕಟ್ಟಿದ ಗೋಡೆಗಳಿವೆ. ನಮ್ಮ ಮನೆತನದಲ್ಲಿ ಮೊದಲು ಡಿಗ್ರಿ ಮಾಡಿದವಳು ನಾನು, ಆ ಡಿಗ್ರಿಯ ಹಿಂದೆ ಇದ್ದದ್ದು ಆತನ ಕರಣಿ. ಎದೆನೋವು ಬಂದು ಹುಬ್ಬಳ್ಳಿಯಲ್ಲಿ ರಕ್ತನಾಳಕ್ಕೆ ಸ್ಟೆಂಟ್ ಹಾಕಿದರು. ನಮ್ಮ ಕಡೆ ಅದನ್ನು ಸ್ಪ್ರಿಂಗ್ ಅನ್ನುತ್ತಾರೆ. ಇನ್ನು ಮೇಲೆ ಭಾರ ಎತ್ತಬಾರದು, ಅಟ್ಟ ಹತ್ತಬಾರದು ಅಂದರು. ಮನೆಗೆ ಬಂದ ಮೇಲೆ ಅಬ್ಬಾ ಕರಣಿ, ಗೋಡೆಯ ನೇರ ನೋಡುವ ಒಳಂಬ ಎಲ್ಲ ಇದ್ದ ತನ್ನ ಸಾಮಾನಿನ ಚೀಲವನ್ನು ಮೂಲೆಗೆ ತಳ್ಳಿ ಗೋಡೆಗೆ ಮುಖ ಮಾಡಿ ಮಲಗಿದ. ಊಟ ಅರ್ಧಕ್ಕೆ ಬಿಡುತ್ತಿದ್ದ. ಅಮ್ಮಿ ಕೇಳಿದರೆ "ದಿಲ್ ನೈ ಲಗ್ರಾ" ಅನ್ನುತ್ತಿದ್ದ, ಯಾವುದರಲ್ಲೂ ಮನಸ್ಸು ಹತ್ತುತ್ತಿಲ್ಲ ಎಂದು.

ಹೃದಯದ ರೋಗಿಗಳನ್ನು ಮನೆಗೆ ಹೋಗಿ ನೋಡುವ ಒಂದು ಯೋಜನೆಯಿಂದ ಆತ ಬಂದದ್ದು ಆ ದಿನಗಳಲ್ಲಿ. ಎದೆಗೆ ಪೆಟ್ಟು ಬಿದ್ದವರಲ್ಲಿ ಬಹಳ ಜನರ ಮನಸ್ಸೂ ಕುಸಿಯುತ್ತದೆ. ಮನಸ್ಸು ಕುಸಿದವರು ಗುಳಿಗೆ ಬಿಡುತ್ತಾರೆ, ಗುಳಿಗೆ ಬಿಟ್ಟವರ ಹೃದಯ ಮತ್ತೆ ಕೈಕೊಡುತ್ತದೆ. ಅದಕ್ಕೇ ಒಂಬತ್ತು ಪ್ರಶ್ನೆ. ಬೇಸರ, ನಿದ್ದೆ, ಹಸಿವು, ಸುಸ್ತು, ಹೀಗೆ ಸಾಗಿ ಕೊನೆಯದು ಸಾವಿನ ಯೋಚನೆ. ಎರಡು ವಾರದಲ್ಲಿ ಎಷ್ಟು ದಿನ ಹಾಗೆ ಅನಿಸಿತು ಎಂದು ಕೇಳಿ, ಪ್ರತಿಯೊಂದಕ್ಕೂ ಸೊನ್ನೆಯಿಂದ ಮೂರರ ತನಕ ಅಂಕ ಕೊಡಬೇಕು.

ಆತ ಬಂದಾಗ ನಮ್ಮ ಮನೆ ತುಂಬ ಜನ. ಎದೆ ಆಪರೇಷನ್ ಆದವರನ್ನು ನೋಡಲಿಕ್ಕೆ ಬರದಿದ್ದರೆ ನಮ್ಮಲ್ಲಿ ಸಂಬಂಧವೇ ಹೋಗುತ್ತದೆ. ಅಕ್ಕನನ್ನು ಕೊಟ್ಟ ಮನೆಯ ಬೀಗರು ಬಾಳೆಹಣ್ಣು ತಂದು ಸಾಲಾಗಿ ಕುಳಿತಿದ್ದರು. ಅವರ ನಡುವೆ ಆತ ಕುರ್ಚಿ ಎಳೆದುಕೊಂಡು, ಒಂದು ಗುಟುಕು ಕುಡಿದು ಸಕ್ಕರೆ ಕಮ್ಮಿ ಅಂದು, ಚಹಾ ಆರಿಸುತ್ತ ಕೇಳಿದ.

"ಹ್ಯಾಂಗದೀರಿ ಕಾಕಾ? ಮನಸ್ಸಿಗೆ ಬ್ಯಾಸರಾ ಗೀಸರಾ ಏನಿಲ್ಲಲ್ಲ?"

ಬೀಗರ ಮುಂದೆ ಯಾವ ಗಂಡಸು ಬೇಸರ ಇದೆ ಅಂದಾನು? "ಆರಾಮ ಅದೀನ್ರಿ ಸಾಹೇಬ್ರ," ಅಂದ ಅಬ್ಬಾ, ನಕ್ಕು.

"ಹಾಂ, ನಗತೀರಿ. ಆತು ಬಿಡ್ರಿ," ಅಂದ ಆತ. ಸರಪಳಿ ಎಳೆದು ಎದ್ದ. ಕಪ್ಪಿನಲ್ಲಿ ಚಹಾ ಇನ್ನೂ ಬಿಸಿ ಇತ್ತು.

ನಾಲ್ಕು ತಿಂಗಳಾದ ಮೇಲೆ ಅಬ್ಬಾ ಹೋದ. ಮತ್ತೆ ಎದೆನೋವು ಬಂತು, ಹುಬ್ಬಳ್ಳಿ ಮುಟ್ಟಲಿಲ್ಲ. ನಲವತ್ತನೆಯ ದಿನ ಮುಗಿಸಿ ಸಾಮಾನಿನ ಚೀಲ ಬಿಚ್ಚಿದರೆ ಕರಣಿಯ ಕೆಳಗೆ ಗುಳಿಗೆಯ ಹಾಳೆಗಳು, ಒಂದೂ ಒಡೆದಿರಲಿಲ್ಲ. ಆ ಚೀಲವನ್ನು ಯಾರೂ ಮುಟ್ಟುವುದಿಲ್ಲ ಎಂದು ಆತನಿಗೆ ಗೊತ್ತಿತ್ತು. ಅಮ್ಮಿ ಅವನ್ನು ಮಡಿಲಲ್ಲಿ ಹಾಕಿಕೊಂಡು ಕುಳಿತಳು. ನಾನು ಅಳಲಿಲ್ಲ. ನನ್ನ ತಲೆಯಲ್ಲಿ ಓಡುತ್ತಿದ್ದದ್ದು ಆ ಪೆನ್ನು.

ಧಾರವಾಡದಲ್ಲಿ ಸಮಾಜಕಾರ್ಯದ ಓದು ಮುಗಿಸಿದೆ. ಕೆಲಸ ಸಿಕ್ಕದ್ದು ಅದೇ ಯೋಜನೆಯಲ್ಲಿ. ಬೇಕಂತಲೇ ಅಲ್ಲಿ ಸೇರಿದೆ ಅಂದರೆ ಸುಳ್ಳಾಗುತ್ತದೆ. ಕಾಂಟ್ರ್ಯಾಕ್ಟ್ ನೌಕರಿ, ಕರೆದರು, ಹೋದೆ. ಮೊದಲ ದಿನ ಆಫೀಸಿನ ಬಾಗಿಲಲ್ಲಿ ಆತನನ್ನು ನೋಡಿದೆ. ಈಗ ಮೇಲ್ವಿಚಾರಕ. ನನ್ನ ಗುರುತು ಆತನಿಗೆ ಹತ್ತಲಿಲ್ಲ. ಚಹಾ ಕೊಟ್ಟ ಹುಡುಗಿಯ ಮುಖ ಯಾರು ನೋಡುತ್ತಾರೆ? ನಾನು ಹೇಳಲೂ ಇಲ್ಲ. ಅಬ್ಬಾನ ಕಾಗದ ಕಪಾಟಿನಲ್ಲಿ ಸಿಕ್ಕಿತು. ಷರಾದಲ್ಲಿ "ರೋಗಿ ನಗುಮುಖದವರು" ಎಂದು ಬರೆದಿದ್ದ. ಅದನ್ನು ಮೊಬೈಲಿನಲ್ಲಿ ಫೋಟೋ ಹೊಡೆದುಕೊಂಡೆ. ಬಾಕಿ ಕಾಗದಗಳನ್ನೂ ತಿರುವಿದೆ. ಆತ ಹೋದ ಮನೆಗಳಿಗೆಲ್ಲ ಅದೇ ಸರಪಳಿ.

ಅವತ್ತೇ ನಿಶ್ಚಯ ಮಾಡಿದೆ. ಆತ ಸೊನ್ನೆ ಹಾಕಿದ ಪ್ರತಿ ಮನೆಗೂ ಮತ್ತೆ ಹೋಗುವುದು, ಖರೇ ಅಂಕ ತರುವುದು, ತಿಂಗಳ ಸಭೆಯಲ್ಲಿ ಯೋಜನೆಯ ಡಾಕ್ಟರ ಮುಂದೆ ಆತನ ಮುಖಕ್ಕೆ ಹಿಡಿಯುವುದು.

ನಾನು ಮೊದಲು ಕಲಿತದ್ದು ರೋಗಿಯ ಮಗ್ಗುಲಿಂದ ಮನೆಯವರನ್ನು ಎಬ್ಬಿಸಿ ಕಳಿಸುವುದು. ಮಗನಿಗೆ "ಹಳೇ ಇಸಿಜಿ ಹುಡುಕಿ ತರ್ರಿ" ಅನ್ನುತ್ತಿದ್ದೆ. ಅದು ಯಾವ ಮನೆಯಲ್ಲೂ ಲಗೂನ ಸಿಗುವುದಿಲ್ಲ. ಸೊಸೆಗೆ ಚಹಾ ಇಡಲು ಹೇಳುತ್ತಿದ್ದೆ. ದುಮ್ಮವಾಡದಲ್ಲಿ ಒಬ್ಬರನ್ನು ದನದ ಕೊಟ್ಟಿಗೆಯ ತನಕ ನಡೆಸಿಕೊಂಡು ಹೋಗಿ ಎಮ್ಮೆಯ ಮಗ್ಗುಲಲ್ಲಿ ನಿಂತು ಕೇಳಿದೆ. ಎರಡು ವಾರ ಅಂದರೆ ಯಾರಿಗೂ ಲೆಕ್ಕ ಹತ್ತುತ್ತಿರಲಿಲ್ಲ, "ಎರಡ ಸಂತಿ ಹಿಂದ" ಅಂದರೆ ಕೂಡಲೇ ತಿಳಿಯುತ್ತಿತ್ತು. ತೊಡಕಾಗುತ್ತಿದ್ದದ್ದು ಸುಸ್ತಿನ ಪ್ರಶ್ನೆಯಲ್ಲಿ. ಸುಸ್ತು ಹೃದಯದ್ದೋ ಮನಸ್ಸಿನದೋ? ಮೇಲ್ವಿಚಾರಕ ಎಲ್ಲವನ್ನೂ ಹೃದಯದ ಮೇಲೆ ಹಾಕಿ ಬಿಟ್ಟುಬಿಡುತ್ತಿದ್ದ. ನಾನು ಕುಳಿತು ಕೇಳುತ್ತಿದ್ದೆ. "ನಡದ ಬಂದ ಮ್ಯಾಲೆ ಸುಸ್ತ ಆಗತೈತ್ಯೋ, ಏಳೂಕಿಂತ ಮೊದಲೋ?" ಹಾಸಿಗೆಯಿಂದ ಏಳುವುದೇ ಬೇಡ ಅನಿಸುವ ಸುಸ್ತನ್ನು ಅವರು ತಾವೇ ಬೇರೆ ಮಾಡಿ ಹೇಳುತ್ತಿದ್ದರು.

ಒಂದೊಂದು ಮನೆಗೆ ಒಂದು ತಾಸು. ಆತನಿಗೆ ಅದು ನಗೆಪಾಟಲು. ನನ್ನ ಅರ್ಜಿಯಲ್ಲಿ ಅಪ್ಪನ ಉದ್ಯೋಗ ಓದಿದ್ದ.

"ಏನವಾ ಗೌಂಡಿ ಮಗಳ, ಫಾರ್ಮಿಗೂ ಒಳಂಬ ಬಿಡತೀಯೇನ? ದಿನಕ್ಕ ಎಂಟ ಮನಿ ಆಗಬೇಕು. ನೀ ಒಂದ ಮನ್ಯಾಗ ಸಂಸಾರ ಹೂಡತಿ."

"ಗ್ವಾಡಿ ಸೊಟ್ಟ ಆದ್ರ ಬೀಳತೈತ್ರಿ ಸರ್."

"ಡಿಗ್ರಿ ಮೇಡಂ ಮಾತ ಕಲತಾಳಲೇ," ಎಂದು ಬಾಜೂ ಕುಳಿತವನ ಕಡೆ ನೋಡಿ ನಕ್ಕ. ನಗಲಿ ಅಂದುಕೊಂಡೆ. ನನ್ನ ಚೀಲದಲ್ಲಿ ಅಷ್ಟೊತ್ತಿಗೆ ಹನ್ನೊಂದು ಕಾಗದ ಕೂಡಿದ್ದವು. ಆತ ಸೊನ್ನೆ ಹಾಕಿದ ಕಡೆ ಹನ್ನೆರಡು, ಹದಿನಾಲ್ಕು, ಹದಿನೆಂಟು. ಹಾಸಿಗೆಯಲ್ಲಿ ಬಿದ್ದುಕೊಂಡು ಆ ಸಭೆಯನ್ನು ಕಣ್ಣ ಮುಂದೆ ನಡೆಸುತ್ತಿದ್ದೆ. ಆತ ಎಲ್ಲಿ ಬೆವರುತ್ತಾನೆ, ನಾನು ಯಾವ ಕಾಗದ ಮೊದಲು ತೆಗೆಯುತ್ತೇನೆ, ಎಲ್ಲ.

ಹನ್ನೆರಡನೆಯ ಮನೆ ಸಂಶಿಯದು. ಅರವತ್ತರ ಹತ್ತಿರದ ಹೆಣ್ಣುಮಗಳು, ಊರಿನ ಮದುವೆಗಳಿಗೆಲ್ಲ ಜೋಳದ ರೊಟ್ಟಿ ಬಡಿದ ಕೈ. ಮನೆ ತುಂಬ ಮಕ್ಕಳು ಸೊಸೆಯರು, ಎಲ್ಲರೂ ಅವರ ಮೇಲೆ ಜೀವ ಇಟ್ಟುಕೊಂಡವರೇ. ಇಸಿಜಿ ಹುಡುಕಲು ಮಗನನ್ನು ಒಳಗೆ ಕಳಿಸಿ ಕೇಳಿದೆ.

"ರೊಟ್ಟಿ ಬಡಿಯೂದ ಬಿಟ್ಟೀರಂತಲ್ರಿ ಅಮ್ಮಾರ?"

"ನಾ ಎಲ್ಲಿ ಬಿಟ್ಟೇನವಾ, ಬಿಡಿಸ್ಯಾರ. ಒಲಿ ಮುಂದ ಕುಂತ್ರ ಸಾಕು, ಸೊಸಿ ರಟ್ಟಿ ಹಿಡದ ಎಬ್ಬಸತಾಳ. ಅತ್ತಿ, ಎದ್ಯಾಗ ಸ್ಪ್ರಿಂಗ್ ಐತಿ, ಟಣ್ಣಂತ ಹಾರೀತು ಅಂತಾಳ."

ಇಬ್ಬರೂ ನಕ್ಕೆವು. ನಗು ನಿಂತ ಮೇಲೆ ಒಂಬತ್ತನೆಯ ಪ್ರಶ್ನೆ ಕೇಳಿದೆ. ಮುಂಜಾನೆ ಏಳದಿದ್ದರೇ ಚಲೋ ಇತ್ತು ಅನಿಸುತ್ತದೆಯೇ?

"ದಿನಾ," ಅಂದರು. ಬಾಗಿಲ ಕಡೆ ಒಮ್ಮೆ ನೋಡಿ ದನಿ ಇಳಿಸಿದರು. "ಗುಳಿಗಿ ಒಂದಿನಾ ತಗೋತೀನಿ, ಒಂದಿನಾ ಬಿಡತೀನಿ. ಯಾವಾಗ ನಿಂದರತೈತಿ ನೋಡೂಣು ಅಂತ. ಯಾರ ಮುಂದೂ ಹೇಳಬ್ಯಾಡವಾ."

ಇಪ್ಪತ್ತೇಳಕ್ಕೆ ಇಪ್ಪತ್ತೆರಡು.

ಒಂಬತ್ತನೆಯದಕ್ಕೆ ಅಂಕ ಬಿದ್ದರೆ ಕೆಂಪು ಗುರುತು ಹಾಕಿ ಅವತ್ತೇ ಡಾಕ್ಟರಿಗೆ ಫೋನ್ ಮಾಡಬೇಕು. ಅದು ನಮ್ಮ ಕೆಲಸದ ಮೊದಲ ನಿಯಮ. ಕೆಂಪು ಗುರುತು ಹಾಕಿದೆ. ಕುಂದಗೋಳದ ಬಸ್ಸಿನಲ್ಲಿ ಕುಳಿತು ಫೋನ್ ತೆಗೆದೆ. ಆಗ ಆತನ ಮುಖ ಕಣ್ಣ ಮುಂದೆ ಬಂತು. ಈಗ ಹೇಳಿದರೆ ಡಾಕ್ಟರು ಮೊದಲು ಆತನನ್ನೇ ಕೇಳುತ್ತಾರೆ. ಆತ "ನಾನ ಕಳಿಸಿದ್ದೆರಿ ಆಕಿನ್ನ" ಅನ್ನುತ್ತಾನೆ, ಕಪಾಟಿನ ಹಳೆಯ ಕಾಗದ ರಾತ್ರೋರಾತ್ರಿ ಹೊಸದಾಗುತ್ತದೆ. ನನ್ನ ಕೈಯಲ್ಲಿದ್ದ ಎಲ್ಲಕ್ಕಿಂತ ಗಟ್ಟಿ ಸಾಕ್ಷಿ ಹೋಗಿಬಿಡುತ್ತದೆ. ಸಭೆಗೆ ಮೂರೇ ದಿನ. ಮೂರು ದಿನಕ್ಕೆ ಏನಾಗುತ್ತದೆ? ಫೋನನ್ನು ಚೀಲದೊಳಗೆ ಇಟ್ಟೆ.

ಸಭೆ ಒಂದು ವಾರ ಮುಂದೆ ಹೋಯಿತು. ನಾನು ಆಗಲೂ ಫೋನ್ ಮಾಡಲಿಲ್ಲ. ಇದನ್ನು ಬರೆಯಲು ನನಗೆ ಬಹಳ ಕಷ್ಟವಾಗುತ್ತಿದೆ, ಆದರೆ ಮಾಡಲಿಲ್ಲ.

ಹತ್ತನೆಯ ದಿನ ಹುಬ್ಬಳ್ಳಿಯಿಂದ ಡಾಕ್ಟರು ಬಂದರು, ನನಗಿಂತ ನಾಲ್ಕೈದು ವರ್ಷ ದೊಡ್ಡ ಹೆಣ್ಣುಮಗಳು. ನಾನು ಹನ್ನೆರಡು ಜೋಡಿ ಕಾಗದ ಮೇಜಿನ ಮೇಲೆ ಹರಡಿದೆ. ಎಡಕ್ಕೆ ಆತನದು, ಬಲಕ್ಕೆ ನನ್ನದು. ಡಾಕ್ಟರು ಒಂದೊಂದಾಗಿ ನೋಡುತ್ತ ಹೋದಂತೆ ಆತ ಕುರ್ಚಿಯಲ್ಲಿ ಸರಿದಾಡಿದ.

"ಹಳ್ಳಿ ಮಂದಿಗೆ ಖಿನ್ನತಿ ಗಿನ್ನತಿ ಎಲ್ಲಿದ್ದು ಬರತೈತ್ರಿ ಮೇಡಂ? ಈಕಿ ಹೋಗಿ ತಾಸಗಟ್ಟಲೆ ಕೆದರಿ ಕೆದರಿ ಕೇಳಿದ್ರ ಯಾರರ ಅಳತಾರ."

"ನೀವು ಎಷ್ಟ ನಿಮಿಷ ಕೇಳಿದ್ರಿ ಸರ್?" ಅಂದೆ. ಮೊಬೈಲ್ ತೆಗೆದು ಅಬ್ಬಾನ ಕಾಗದದ ಫೋಟೋ ಆತನ ಮುಂದೆ ಹಿಡಿದೆ. "ಈ ಮನಿ ನೆನಪೈತೇನ್ರಿ?"

"ಎಷ್ಟ ಮನಿ ಹತ್ತಿ ಇಳದೀನಿ. ಯಾವದಂತ ನೆನಪ ಇಡಲಿ?"

"ಚಹಾ ಕುಡದಿದ್ರಿ. ಸಕ್ಕರಿ ಕಮ್ಮಿ ಅಂದಿದ್ರಿ. ಇವರು ನಮ್ಮಪ್ಪ. ನೀವು ಸೊನ್ನಿ ಹಾಕಿ ಹೋದ ನಾಕ ತಿಂಗಳಿಗೆ ಸತ್ರು. ಗುಳಿಗಿ ಚೀಲದಾಗ ಇದ್ದೂ."

ಆತನ ಮುಖದ ಬಣ್ಣ ಇಳಿಯಿತು. ನಾನು ಆ ಮುಖವನ್ನು ಕಣ್ಣು ತುಂಬ ನೋಡಿದೆ. ಎಷ್ಟು ವರ್ಷ ಕಾದಿದ್ದೆ! ಹಿತವಾಯಿತು. ಈಗ ನೆನೆದರೂ ಹಿತವಾಗುತ್ತದೆ. ಇದಕ್ಕೆ ನಾಚಿಕೆಪಡುವವಳಲ್ಲ ನಾನು.

ಡಾಕ್ಟರು ಅಷ್ಟರಲ್ಲಿ ಕೊನೆಯ ಕಾಗದ ಎತ್ತಿದ್ದರು. ಕೆಂಪು ಗುರುತಿನ ಮೇಲೆ ಬೆರಳಿಟ್ಟು ತಾರೀಖು ನೋಡಿದರು.

"ಇದು ಹತ್ತು ದಿವಸದ ಹಿಂದಿನದು."

"ಹೌದ್ರಿ."

"ಯಾರಿಗೆ ಫೋನ್ ಮಾಡಿದಿರಿ?"

ನಾನು ಆತನ ಕಾಗದಗಳ ಕಡೆ ನೋಡಿದೆ.

"ನಾನು ಕೇಳಿದ್ದು ನಿಮ್ಮನ್ನೇ. ಈ ಹೆಣ್ಣುಮಗಳು ಇದ್ದಾರಾ?"

ಆತ ನನ್ನ ಕಡೆ ನೋಡಿ ನಕ್ಕ, ತುಟಿ ಮುಚ್ಚಿಕೊಂಡೇ. ಆತನ ಬಾಯಿಗೆ ಆ ನಗು ತಂದುಕೊಟ್ಟವಳು ನಾನೇ. ಆತನನ್ನು ಕ್ಷಮಿಸದೇ ಇರಲು ನನಗೆ ಅದೂ ಒಂದು ಕಾರಣ.

ಸಂಶಿಯ ಮನೆಗೆ ಫೋನ್ ಹಚ್ಚಿದೆ. ಎತ್ತಲಿಲ್ಲ. ಮತ್ತೆ ಹಚ್ಚಿದೆ, ಎತ್ತಲಿಲ್ಲ. ಡಾಕ್ಟರು ಕಾಗದ ಅಲ್ಲೇ ಬಿಟ್ಟು ಎದ್ದರು. "ನನ್ನ ಗಾಡಿ ಐತಿ, ನಡೀರಿ." ಮನೆಯ ಮುಂದೆ ಜನ ಕೂಡಿದ್ದರೆ ಅನ್ನುವುದೊಂದೇ ನನ್ನ ತಲೆಯಲ್ಲಿತ್ತು. ಓಣಿಯ ಮೂಲೆ ತಿರುಗುವಾಗ ಕಣ್ಣು ಮುಚ್ಚಿದೆ.

ಅವರು ಹೊಸ್ತಿಲ ಮೇಲೆ ಕುಳಿತಿದ್ದರು. ಕಾಲು ಬಾತಿದ್ದವು, ಉಸಿರು ಮೇಲಿಂದ ಮೇಲೆ. ಮಗ ಹೊರಗೆ ಬಂದು ಅಂದ, "ಚಲೋ ಆತ್ರಿ ಅಕ್ಕೋರ ಬಂದಿದ್ದು. ಎಂಟ ಹತ್ತ ದಿವಸ ಆತು, ಬಾಗಲಾ ಬಿಟ್ಟ ಏಳವಲ್ಲಳು ನಮ್ಮವ್ವ. ದವಾಖಾನಿಗೆ ಹೋಗೂಣು ನಡಿಯಂದ್ರ ತಡೀಲೇ ಅಂತಾಳ." ಗುಳಿಗೆ ಈಗ ಒಂದೂ ತೆಗೆದುಕೊಳ್ಳುತ್ತಿರಲಿಲ್ಲ. ಡಾಕ್ಟರು ನಾಡಿ ಹಿಡಿದು ನೋಡಿ, ಹುಬ್ಬಳ್ಳಿಗೆ ಈಗಿಂದೀಗ ಹೊರಡಬೇಕು ಅಂದರು. ಎದೆಯನ್ನು ಅಲ್ಲಿ ನೋಡುತ್ತಾರೆ, ಮನಸ್ಸಿನ ಡಾಕ್ಟರನ್ನೂ ಅಲ್ಲಿಗೇ ಕರೆಸುತ್ತೇನೆ ಎಂದರು.

ಅವರು ಉಳಿದುಕೊಂಡರು. ಮುಂದಿನ ವಾರ ನೋಟಿಸು ಬಂತು, ಆತನಿಗೂ ನನಗೂ. ಆತನನ್ನು ಮನೆಭೇಟಿಯಿಂದ ಪೂರ್ತಿ ತೆಗೆದರು. ನನ್ನನ್ನು ಮೂರು ತಿಂಗಳು. ಒಂದೇ ವಹಿಯಲ್ಲಿ ಆತನ ಸಹಿಯ ಕೆಳಗೆ ನನ್ನ ಸಹಿ ಮಾಡಬೇಕಾಯಿತು. ಡಿಗ್ರಿ ಪಡೆದ ದಿನ ಮಾಡಿದ ಅದೇ ಸಹಿ.

ಆದರೆ ಸಂಶಿಯಿಂದ ಹೊರಟ ಆ ಮಧ್ಯಾಹ್ನವನ್ನು ಹೇಳಬೇಕು. ಡಾಕ್ಟರು, ಮಗ ಮುಂದೆ ಕುಳಿತರು. ಹಿಂದೆ ಅವರ ಮಗ್ಗುಲಲ್ಲಿ ನಾನು. ಸ್ವಲ್ಪ ದೂರ ಹೋದ ಮೇಲೆ ನನ್ನ ಕೈ ಹಿಡಿದು ಕೇಳಿದರು.

"ಇಷ್ಟ ತಡಾ ಯಾಕ ಮಾಡಿದಿ ನಮ್ಮವ್ವಾ?"

ಸುಳ್ಳು ಹೇಳಬಹುದಿತ್ತು. ಹೇಳಲಿಲ್ಲ. ಅಬ್ಬಾನಿಂದ ಹಿಡಿದು ಸಭೆಯ ತನಕ, ಬಸ್ಸಿನಲ್ಲಿ ಫೋನ್ ಒಳಗಿಟ್ಟದ್ದನ್ನೂ ಸೇರಿಸಿ, ಎಲ್ಲ ಹೇಳಿದೆ. ಅವರು ಕಣ್ಣು ಮುಚ್ಚಿ ಕೇಳಿದರು.

"ಅವಗ ಬರೋಬರಿ ಬೈದಿ?"

"ಬೈದೆರಿ."

"ಚಲೋ ಮಾಡಿದಿ. ಮಾಡಬೇಕಾದ್ದ." ಉಸಿರು ತೆಗೆದುಕೊಳ್ಳಲು ನಿಂತರು. "ಖರೇ, ನೀ ಬರಕೊಂಡ ಹ್ವಾದ್ಯಲ್ಲ, ಇನ್ನ ಯಾರರ ಬರತಾರಂತ ನಾ ಹತ್ತ ದಿವಸ ಬಾಗಲದಾಗ ಕುಂತಿದ್ದೆ."

ಅವರು ಕೈ ಬಿಡಲಿಲ್ಲ, ನಾನೂ ಬಿಡಿಸಿಕೊಳ್ಳಲಿಲ್ಲ. ಗಾಳಿ ನೇರ ಅವರ ಎದೆಗೆ ಬಡಿಯುತ್ತಿತ್ತು. ಇನ್ನೊಂದು ಕೈಯಿಂದ ಕಿಟಕಿಯ ಗಾಜು ಏರಿಸಿದೆ.