ಪಕ್ಕದ ಮನೆಯವರ ತಾಯಿಯ ಫೋಟೋ

ಮೊಮ್ಮಕ್ಕಳೇ, ಇಂಗ್ಲೆಂಡಿನ ಎಜ್‌ಬಾಸ್ಟನ್ನಿನ ನಮ್ಮ ಪಕ್ಕದ ಮನೆಯಲ್ಲಿ ನೀವು ಪೋಲಿಷ್ ಆಂಟಿ ಎಂದು ಕರೆಯುವ ಮುದುಕಿ ಇದ್ದಾರಲ್ಲ, ಅವರ ತಾಯಿಯ ವಿಷಯವನ್ನು ನೀವು ದೊಡ್ಡವರಾದ ಮೇಲೆ ಓದಲೆಂದು ಬರೆಯುತ್ತಿದ್ದೇನೆ. ಬಾಯಿಬಿಟ್ಟು ಹೇಳಲು ನನಗೆ ಸಂಕೋಚ.

ಎರಡನೇ ಮಹಾಯುದ್ಧ ಮುಗಿದಾಗ ಪೋಲೆಂಡಿನ ಅವರ ಊರಿನಲ್ಲಿ ನೆಟ್ಟಗೆ ನಿಂತ ಗೋಡೆಗಳೇ ಕಡಿಮೆಯಿದ್ದವಂತೆ. ಗಂಡನಿಲ್ಲದ ಆ ತಾಯಿ ಮೈ ಮಾರಿಕೊಂಡು ಮಕ್ಕಳನ್ನು ಸಾಕಿದರು. ಗಂಡಸರು ಬಂದಾಗ, ಆಗಿನ್ನೂ ಪುಟ್ಟ ಹುಡುಗಿಯಾಗಿದ್ದ ಈ ಆಂಟಿ ಹೊರಗೆ ಮೆಟ್ಟಿಲ ಮೇಲೆ ಕೂತಿರುತ್ತಿದ್ದರಂತೆ. ಅಂಥ ಹೆಂಗಸರ ಬಗ್ಗೆ ನನ್ನ ಮಗಳು, ನಿಮ್ಮ ಅತ್ತೆ, ಡಾಕ್ಯುಮೆಂಟರಿ ಮಾಡುತ್ತಿದ್ದಳು. ಆಂಟಿ ಮಾತಾಡಲು ಒಪ್ಪಿದ್ದರು, ತಾಯಿಯ ಮುಖ ತೋರಿಸಲು ಒಪ್ಪಿರಲಿಲ್ಲ. ಅಜ್ಜಿ ಬಟ್ಟೆ ಹೊಲಿಯುತ್ತಿದ್ದಳೆಂದೇ ತಮ್ಮ ಮಗನಿಗೆ ಹೇಳಿದ್ದರು. ನಿಜ ಗೊತ್ತಾದರೆ ಅವನು ಮನೆಗೆ ಬರುವುದನ್ನೇ ಬಿಟ್ಟಾನು ಎಂಬ ಭಯ. ಅದಕ್ಕೇ ಶೂಟಿಂಗನ್ನೂ ನಮ್ಮ ಮನೆಯಲ್ಲಿಟ್ಟುಕೊಂಡಿದ್ದರು.

ಆ ದಿನ ಅವರು ಬಿಸ್ಕತ್ತಿನ ಡಬ್ಬಿಯಿಂದ ಕಟ್ಟು ಹಾಕಿಸಿದ, ತಾಯಿಯ ಪುಟ್ಟ ಫೋಟೋ ತೆಗೆದು ಮೇಜಿನ ಮೇಲೆ ಬೋರಲಾಗಿಟ್ಟರು. ಇನ್ನೂ ಯೋಚಿಸಬೇಕು ಎಂದು ನಿಮ್ಮ ಅತ್ತೆಯೊಂದಿಗೆ ಹಿತ್ತಲಿಗೆ ಹೋದರು. ಕಾಫಿ ತಂದ ನನಗೆ ಸತ್ತವರ ಪಟ ಬೋರಲು ಬಿದ್ದಿರುವುದನ್ನು ನೋಡಲಾಗಲಿಲ್ಲ. ನಮ್ಮಲ್ಲಿ ಮಾಡುವ ಹಾಗೆ ಒರೆಸಿ, ಗೋಡೆಗೆ ಒರಗಿಸಿ, ಟಿವಿಡೇಲ್ ದೇವಸ್ಥಾನದ ಕುಂಕುಮವನ್ನು ಗಾಜಿನ ಮೇಲಿಟ್ಟು, ಒಂದು ಗುಲಾಬಿ ಏರಿಸಿದೆ. ನಿಮ್ಮ ತಾತ ಹೋದ ಮೇಲೆ ನಾನು ಕುಂಕುಮದ ಭರಣಿ ಮುಟ್ಟಿದ್ದು ಅಂದೇ.

ಒಳಗೆ ಬಂದ ನಿಮ್ಮ ಅತ್ತೆ ಕೂಗಿಕೊಂಡಳು. “ಅಮ್ಮಾ! ಏನ್ ಮಾಡ್ಬಿಟ್ಟೆ? ಅವ್ರಿನ್ನೂ ಪರ್ಮಿಷನ್ನೇ ಕೊಟ್ಟಿಲ್ಲ!”

ಕೆಂಪಾದ ಬೆರಳನ್ನು ಸೆರಗಿನಲ್ಲಿ ಮುಚ್ಚಿಕೊಂಡೆ.

ಆಂಟಿ ಬಹಳ ಹೊತ್ತು ಫೋಟೋ ನೋಡಿ, ಇಂಗ್ಲಿಷಿನಲ್ಲಿ ಏನೋ ಕೇಳಿದರು.

“ಇದೆಲ್ಲ ಒಳ್ಳೆಯವರಿಗೆ ಮಾತ್ರಾನಾ ಅಂತ ಕೇಳ್ತಿದಾರೆ,” ಎಂದಳು ನಿಮ್ಮ ಅತ್ತೆ.

“ಸತ್ತವರಿಗೆಲ್ಲಾ ಕಣೆ. ನಮ್ಮ ಮಾವನವರಿಗೂ ಇಡ್ತೀವಿ ಅಂತ ಹೇಳು.”

“ನಿನ್ನ ಮಾವ, ನಮ್ಮ ತಾತನ ವಿಷಯ ಹೇಳ್ಲಾ? ಊರೋರ ಜೊತೆಯೆಲ್ಲ ಜಗಳ ಆಡ್ಕೊಂಡೇ ಹೋದೋರು!” ಅವಳಿಗೆ ನಗು ತಡೆಯಲಾಗಲಿಲ್ಲ. ಅದನ್ನು ವಿವರಿಸಿದಾಗ ಆಂಟಿಯೂ ನಕ್ಕರು.

ಆಮೇಲೆ ಅವರು ಮಗನಿಗೆ ಫೋನ್ ಮಾಡಿದರು. ಪೋಲಿಷ್ ಮಾತು ನಮಗೆ ಅರ್ಥವಾಗಲಿಲ್ಲ, ಅತ್ತದ್ದು ಮಾತ್ರ ಕಂಡಿತು. ಕಾಫಿ ಆರಿಹೋಯಿತು.

ಫೋನ್ ಇಟ್ಟು, ಮಗನಿಗೆ ಎಲ್ಲ ಹೇಳಿದೆ, ಅವನು ಇಲ್ಲಿಗೇ ಬರುತ್ತಿದ್ದಾನೆ ಎಂದರು. ಕುಂಕುಮ ಒರೆಸಲೇ ಎಂದು ನಾನು ಸನ್ನೆ ಮಾಡಿದೆ. ಬೇಡ ಎಂದು ತಲೆಯಾಡಿಸಿದರು. ಅವನೂ ನೋಡಲಿ, ಆಮೇಲೆ ಕ್ಯಾಮೆರಾ ಎಂದರಂತೆ.

ನಾನು ಮತ್ತೆ ಕಾಫಿಗೆ ನೀರಿಟ್ಟೆ, ಈ ಸಲ ನಾಲ್ಕು ಲೋಟಕ್ಕೆ.