ಶೇಖರಣ್ಣ ಒತ್ತಿದ ‘ಯೆಸ್’

ಚಂದ್ರಶೇಖರ ನನಗಿಂತ ಎರಡು ವರ್ಷ ಚಿಕ್ಕವನು. ಆದರೂ ಎಲ್ಲರ ಬಾಯಲ್ಲಿ ಅವನು ಶೇಖರಣ್ಣ. ಸೂರತ್‌ನ ಉಧ್ನಾದಲ್ಲಿರುವ ನಮ್ಮ ಹೋಟೆಲಿನಲ್ಲಿ ಇಪ್ಪತ್ತಾರು ವರ್ಷ ದೋಸೆ ಹಾಕಿದವನು. ನಾನು ಅವನ ಪಕ್ಕದ ಒಲೆಯಲ್ಲಿ ಸಾಂಬಾರು, ಚಟ್ನಿ ನೋಡಿಕೊಳ್ಳುತ್ತೇನೆ. ಇಬ್ಬರ ನಡುವೆ ನಾಲ್ಕು ಅಡಿ ಜಾಗ. ಅಷ್ಟು ವರ್ಷದಲ್ಲಿ ನಾವು ಹೆಚ್ಚು ಮಾತಾಡಿದವರಲ್ಲ. ತವಾದ ಎದುರು ಮಾತು ಬರುವುದಿಲ್ಲ, ಬೆವರು ಬರುತ್ತದೆ.

ಕಳೆದ ಮಳೆಗಾಲದಲ್ಲಿ ಅವನ ಕಾಲಿನ ನರಗಳು ಉಬ್ಬಿದವು. ಮೊಣಕಾಲ ಕೆಳಗೆ ನೀಲಿ ಹುರಿಯ ಹಾಗೆ ಕಾಣುತ್ತಿದ್ದವು. ಬೆಳಿಗ್ಗೆ ಅವನ ಹೆಂಡತಿ ನಾಗವೇಣಿ ಬಟ್ಟೆಯ ಪಟ್ಟಿ ಬಿಗಿದು ಕಳಿಸುತ್ತಿದ್ದಳು. ಮಧ್ಯಾಹ್ನಕ್ಕೆ ಪಟ್ಟಿ ಒದ್ದೆಯಾಗಿ ಜಾರುತ್ತಿತ್ತು. ಡಾಕ್ಟರು ಒಂದೇ ಮಾತು ಹೇಳಿದರು. ನಿಂತು ಮಾಡುವ ಕೆಲಸ ಬಿಡಬೇಕು, ಇಲ್ಲದಿದ್ದರೆ ಹುಣ್ಣಾಗುತ್ತದೆ.

ದೋಸೆಯವನು ಕೂತು ದೋಸೆ ಹಾಕಲಾರ. ನಮ್ಮ ಹೋಟೆಲಿನಲ್ಲಿ ಕೂರುವ ಕೆಲಸ ಒಂದೇ, ಕೌಂಟರಿನದು. ದೀಪಾವಳಿಗೆ ಮೊದಲು ಹಳೆಯ ಕೌಂಟರಿನವನು ಕೆಲಸ ಬಿಟ್ಟು ಊರಿಗೆ ಹೋದ. ಆ ಕೆಲಸ ಕೇಳಲು ಶೇಖರಣ್ಣ ನಮ್ಮ ಧಣಿ ವಾಸುದೇವರ ಎದುರು ಹೋಗಿ ನಿಂತ. ಪ್ಯಾಂಟು ಮೇಲೆತ್ತಿ ಕಾಲು ತೋರಿಸಿದ.

ಧಣಿಗಳು ಕಾಲು ನೋಡಿದರು. “ನಿಂಗೆ ಕಂಪ್ಯೂಟರ್ ಬರ್ತದಾ ಮಾರಾಯ?”

“ಕಲೀತೇನೆ.”

“ಕಲಿ. ಒಂದು ತಿಂಗಳು ನೋಡುವ. ಆಗ್ಲಿಲ್ಲ ಅಂದ್ರೆ ವಾಪಸ್ ತವಾಕ್ಕೆ. ಆಮೇಲೆ ಮುಖ ಊದಿಸ್ಬಾರ್ದು.”

ಕಂಪ್ಯೂಟರು ಹೊಸದಲ್ಲ. ವಡೋದರದ ಗೋರ್ವಾದಲ್ಲಿ ಒಂದು ಗೇಮ್ ಪಾರ್ಲರ್ ಮುಚ್ಚಿತ್ತು. ಅಲ್ಲಿಂದ ಧಣಿಗಳು ಕೌಂಟರಿನ ಬಿಲ್ಲಿಗೆಂದು ಆಗಷ್ಟೇ ತರಿಸಿದ್ದು. ಬಿಲ್ಲಿನ ಪ್ರೋಗ್ರಾಂ ಹಾಕಿದವನು ಒಳಗಿದ್ದ ಆಟಗಳನ್ನು ತೆಗೆಯಲಿಲ್ಲ. ಜಾಗ ಬೇಕಾದಷ್ಟಿದೆ, ಇರಲಿ ಎಂದನಂತೆ.

ಶೇಖರಣ್ಣ ನಾಲ್ಕನೇ ಕ್ಲಾಸಿನವರೆಗೆ ಓದಿದವನು. ಇಂಗ್ಲಿಷ್ ಅಕ್ಷರ ಕೂಡಿಸಿ ಓದಲು ಹೊತ್ತಾಗುತ್ತದೆ. ಆದರೆ ನಂಬರು ಮರೆಯುವವನಲ್ಲ. ಬಿಲ್ಲಿನ ಪ್ರೋಗ್ರಾಂನಲ್ಲಿ ಒಂದೊಂದು ತಿಂಡಿಗೆ ಒಂದೊಂದು ನಂಬರು. ಇಡ್ಲಿಗೆ ಹನ್ನೆರಡು, ಮಸಾಲೆ ದೋಸೆಗೆ ಮೂವತ್ತೊಂದು, ಉಪ್ಪಿಟ್ಟಿಗೆ ಹದಿನೇಳು. ದೀಪಾವಳಿ ರಜೆಯಲ್ಲಿ ಎಲ್ಲ ಬಾಯಿಪಾಠ ಮಾಡಿದ. ಅವನು ನಂಬರು ಒತ್ತಿದರೆ ಅಡುಗೆಮನೆಯಲ್ಲಿ ನನ್ನ ತಲೆಯ ಮೇಲಿನ ಪುಟ್ಟ ಮೆಷಿನಿನಿಂದ ಚೀಟಿ ಬರುತ್ತದೆ. ಚೀಟಿ ಬಂದರೆ ತಿಂಡಿ ಹೋಗುತ್ತದೆ.

ಸೂರತ್‌ನಲ್ಲಿ ದೀಪಾವಳಿಗೆ ಮುಚ್ಚಿದ ಅಂಗಡಿಗಳು ಲಾಭ ಪಂಚಮಿಗೆ ತೆರೆಯುತ್ತವೆ. ನಾವೂ ಹಾಗೆಯೇ. ಆ ದಿನ ಲೆಕ್ಕದ ಪುಸ್ತಕದ ಬದಲು ಕಂಪ್ಯೂಟರಿಗೆ ಕುಂಕುಮ ಹಚ್ಚಿ, ಹೂವಿಟ್ಟು, ಆರತಿ ಎತ್ತಿದೆವು. ಶೇಖರಣ್ಣ ಕುರ್ಚಿಯಲ್ಲಿ ಕೂತು ಸ್ವಿಚ್ಚು ಒತ್ತಿದ. ಪರದೆಯಲ್ಲಿ ಒಂದು ಡಬ್ಬ ತೆರೆದುಕೊಂಡು ಇಂಗ್ಲಿಷಿನಲ್ಲಿ ಏನೋ ಕೇಳಿತು. ಕೆಳಗೆ ಎರಡು ಗುಂಡಿ, ಯೆಸ್ ಮತ್ತು ನೋ.

ನಮ್ಮ ಕಡೆ ಅಡುಗೆಮನೆಯಲ್ಲಿ ಉಪ್ಪು ಮುಗಿದರೆ ಇಲ್ಲ ಎನ್ನುವುದಿಲ್ಲ, ಹೆಚ್ಚಿದೆ ಎನ್ನುತ್ತೇವೆ. ಶೇಖರಣ್ಣ ಅದರಲ್ಲಿ ಬಹಳ ಕಟ್ಟುನಿಟ್ಟು. ಹಿಟ್ಟು ಖಾಲಿ ಎಂದು ಅವನ ಬಾಯಲ್ಲಿ ನಾನು ಕೇಳಿಯೇ ಇಲ್ಲ. ಅವನು ತಿರುಗಿ ಧಣಿಗಳ ಮುಖ ನೋಡಿದ.

ಧಣಿಗಳ ಕೈಯಲ್ಲಿ ಆರತಿ ತಟ್ಟೆ. “ಎಂತ ನೋಡ್ತೀಯ? ಇವತ್ತಿನ ದಿನ ಇಲ್ಲ ಅನ್ಲಿಕ್ಕುಂಟಾ? ಹೌದು ಅನ್ನು.”

ಅವನು ಯೆಸ್ ಒತ್ತಿದ. ಇನ್ನೊಂದು ಡಬ್ಬ ಬಂತು. ಅದಕ್ಕೂ ಯೆಸ್. ಮೂರನೆಯದಕ್ಕೂ ಯೆಸ್. ನಾವೆಲ್ಲ ಪೇಡಾ ತಿಂದೆವು.

ಮರುದಿನ ಬೆಳಿಗ್ಗೆ ಎಂಟೂವರೆ. ನೇಯ್ಗೆ ಲೂಮಿನ ಕೆಲಸದವರು, ಸ್ಟೇಷನ್ನಿನಿಂದ ಬಂದವರು, ಎಲ್ಲ ಟೇಬಲ್ ತುಂಬಿತ್ತು. ಶೇಖರಣ್ಣ ತಲೆ ಬಗ್ಗಿಸಿ ಕೀಲಿಗಳನ್ನು ನೋಡುತ್ತ ಒತ್ತುತ್ತಿದ್ದ. ಪರದೆ ನೋಡಿ ಒತ್ತುವ ಅಭ್ಯಾಸ ಅವನಿಗಿನ್ನೂ ಆಗಿರಲಿಲ್ಲ. ನನ್ನ ಮೆಷಿನು ಸುಮ್ಮನಾಯಿತು. ಐದು ನಿಮಿಷ ಒಂದು ಚೀಟಿಯೂ ಇಲ್ಲ. ಹೊರಗೆ ಕೌಂಟರಿನ ಕಡೆಯಿಂದ ಡೋಲು ಬಡಿದ ಸದ್ದು. ನಾನು ತಿಂಡಿ ಕೊಡುವ ಕಿಂಡಿಯಿಂದ ಇಣುಕಿದೆ. ಕೊಂಬಿನ ಟೊಪ್ಪಿ ಹಾಕಿದ ರಾಕ್ಷಸನೊಬ್ಬ ಕತ್ತಿ ಹಿಡಿದು ಪರದೆಯ ತುಂಬ ನಿಂತಿದ್ದ. ಕೆಳಗೆ ಹಸಿರು ಗುಂಡಿ. ಬಿಲ್ಲಿನ ಪುಟ ಅವನ ಬೆನ್ನ ಹಿಂದೆ. ಶೇಖರಣ್ಣ ಒತ್ತಿದ ಹದಿನಾಲ್ಕು ಆರ್ಡರು ಆ ರಾಕ್ಷಸನ ಹೊಟ್ಟೆಗೆ ಹೋಗಿದ್ದವು.

“ಕಾಕಾ, ಗೇಮ್ ಪಾರ್ಲರ್ ಖೋಲ್ಯು ಕೆ ಶು?” ಗೇಮ್ ಪಾರ್ಲರ್ ತೆರೆದೆಯಾ ಎಂದು ಗಿರಾಕಿಯೊಬ್ಬ ಗುಜರಾತಿಯಲ್ಲಿ ಕೇಳಿದ. ಸಾಲು ನಿಂತವರೆಲ್ಲ ನಕ್ಕರು.

ಅವನು ಮೂಲೆಯ ಗುಣಾಕಾರದ ಗುರುತು ಒತ್ತಿದ. ರಾಕ್ಷಸ ಹೋದ. ಇಪ್ಪತ್ತು ನಿಮಿಷಕ್ಕೆ ಮತ್ತೆ ಬಂದ. ಪ್ಲಗ್ಗು ಕಿತ್ತು ಹಾಕಿದ. ಮತ್ತೆ ಶುರುವಾದಾಗ ಬಿಲ್ಲಿಗಿಂತ ಮೊದಲು ರಾಕ್ಷಸ. ಪ್ರೋಗ್ರಾಂ ಹಾಕಿದವನಿಗೆ ಫೋನು ಮಾಡಿದ. “ರೀಸ್ಟಾರ್ಟ್ ಕರೋ” ಎಂದು ಆ ಮನುಷ್ಯ ಫೋನು ಇಟ್ಟುಬಿಟ್ಟ. ರೀಸ್ಟಾರ್ಟ್ ಮಾಡಿದರೆ ಮತ್ತೆ ಅದೇ ಡೋಲು. ಒಮ್ಮೆ ಗಾಬರಿಯಲ್ಲಿ ಹಸಿರು ಗುಂಡಿ ಒತ್ತಿದ. ಆಟವೇ ಶುರುವಾಯಿತು. ಮೌಸಿನ ಬಾಣ ಅದರೊಳಗೆ ಸಿಕ್ಕಿಕೊಂಡಿತು. ಎತ್ತ ಎಳೆದರೂ ಹೊರಗೆ ಬರಲಿಲ್ಲ. ಶೇಖರಣ್ಣನೂ ಹಾಗೆಯೇ ಕೂತಿದ್ದ. ಬೆನ್ನಿಗೆ ಗೋಡೆ, ಎದುರಿಗೆ ಗಿರಾಕಿಗಳು, ಪಕ್ಕದಲ್ಲಿ ಮಡಚುವ ಹಲಗೆ. ಎದ್ದು ಬರಲು ಕಾಲಿಲ್ಲ.

ಹೀಗೆ ಎರಡು ವಾರ. ಡೋಲು ಕೇಳಿದರೆ ಅವನ ಹೆಗಲು ಮೇಲಕ್ಕೇಳುತ್ತಿತ್ತು. ಊಟ ಬಿಟ್ಟ. ಒಂದು ಸೋಮವಾರ ಧಣಿಗಳು ಹೇಳಿದರು.

“ಶೇಖರ, ಗಿರಾಕಿ ಎದ್ದು ಹೋಗ್ತಾ ಇದ್ದಾರೆ. ಶನಿವಾರದ ತನಕ ನೋಡ್ತೇನೆ. ಇದು ನಿಲ್ಲದಿದ್ರೆ ನಮ್ಮ ಅಕ್ಕನ ಮಗ ನಿತಿನ್‌ನನ್ನು ಕರೆಸ್ತೇನೆ. ಅಹಮದಾಬಾದಲ್ಲಿ, ವಟ್ವಾದ ಫ್ಯಾಕ್ಟರಿ ಕ್ಯಾಂಟೀನಲ್ಲಿ ಇದ್ದಾನೆ. ಅವ ಕಂಪ್ಯೂಟರ್ ಕಲ್ತವ.”

ಶೇಖರಣ್ಣ ತಲೆ ಆಡಿಸಿದ.

ನಮ್ಮಲ್ಲಿ ಸಪ್ಲೈಯರ್ ಅಜಯ್ ಇದ್ದಾನೆ. ಮೂವತ್ತು ವರ್ಷ, ಕುಂದಾಪುರದ ಕಡೆಯವನು. ಬಿಡುವಿದ್ದರೆ ಮೊಬೈಲಿನಲ್ಲಿ ಆಟ ಆಡುತ್ತಾನೆ. ಮಂಗಳವಾರ ಮಧ್ಯಾಹ್ನ ಶೇಖರಣ್ಣ ಕೈ ತೊಳೆಯಲು ಎದ್ದಿದ್ದಾಗ ಡೋಲು ಬಡಿಯಿತು. ಅಜಯ್ ಓಡಿ ಹೋಗಿ ರಾಕ್ಷಸನನ್ನು ಮುಚ್ಚಲು ನೋಡಿದ. ಅದೇ ಹೊತ್ತಿಗೆ ಧಣಿಗಳು ಬಾಗಿಲಲ್ಲಿ ನಿಂತರು. ಅವರಿಗೆ ಕಂಡದ್ದು ಆಟದ ಪರದೆ, ಮೌಸಿನ ಮೇಲೆ ಅಜಯ್‌ನ ಕೈ.

“ಓಹೋ! ಈಗ ಗೊತ್ತಾಯ್ತು ಯಾರ ಕೆಲ್ಸ ಅಂತ!”

“ಅಯ್ಯೋ ಧಣಿ, ನಾನು ಮುಚ್ಲಿಕ್ಕೆ ಬಂದದ್ದು.”

“ನೀ ಮುಚ್ಲಿಕ್ಕೆ ಬಂದದ್ದು, ನಾ ಕಣ್ಣು ಮುಚ್ಕೊಂಡು ಬಂದದ್ದು! ಇನ್ನು ಆ ಕಂಪ್ಯೂಟರ್ ಹತ್ರ ಬಂದ್ರೆ ನೋಡು.”

ಟೇಬಲಿನಲ್ಲಿದ್ದವರೆಲ್ಲ ತಿರುಗಿ ನೋಡಿದರು. ಅಜಯ್ ನೀರಿನ ಜಗ್ಗು ಎತ್ತಿಕೊಂಡು ಹೋದ. ಅವನ ಕಿವಿ ಕೆಂಪಾಗಿತ್ತು.

ಬುಧವಾರ ಧಣಿಗಳು ಹೋಟೆಲಿಗೆ ಬಂದಿರಲಿಲ್ಲ. ಸಂಜೆ ನಾಲ್ಕಕ್ಕೆ, ಅಜಯ್ ಇಲ್ಲದ ಹೊತ್ತಿಗೆ, ಕೃಪಾ ಬಂದಳು. ನಮ್ಮ ಹಳೆಯ ಗಿರಾಕಿ. ಅವಳ ಅಪ್ಪ ವಿಮಾ ಕಂಪನಿಯಲ್ಲಿ ವರ್ಗವಾಗಿ ಸೂರತ್‌ಗೆ ಬಂದವರು. ಅವಳು ಇಲ್ಲಿಯೇ ಬೆಳೆದವಳು. ಸೀರೆಗೆ ಕಸೂತಿ ಹಾಕುವ ಮೆಷಿನುಗಳಿಗೆ ಕಂಪ್ಯೂಟರಿನಲ್ಲಿ ಡಿಸೈನ್ ಮಾಡುತ್ತಾಳೆ. ಕನ್ನಡ ಅರ್ಧ, ಹಿಂದಿ ಅರ್ಧ. ಅವಳು ಚಹಾ ಕೇಳಿದಾಗ ರಾಕ್ಷಸ ಬಂದ.

“ಅರೆ ಅಂಕಲ್, ಯೇ ಕ್ಯಾ? ಇದು ಗೇಮಿನ ಲಾಂಚರ್, ಗೇಮ್ ತೆರೆಯುವ ಪ್ರೋಗ್ರಾಂ. ಇದನ್ನು ನೀವು ಯಾಕೆ ಚಾಲೂ ಇಟ್ಟಿದ್ದೀರಿ?”

“ನಾನಿಟ್ಟದ್ದಲ್ಲ. ಅದೇ ಬರ್ತದೆ.”

“ಅದೇ ಹೇಗೆ ಬರ್ತದೆ? ಪರ್ಮಿಷನ್ ಕೊಟ್ಟರೆ ಮಾತ್ರ ಬರ್ತದೆ. ಶುರುವಲ್ಲಿ ಕೇಳ್ತದಲ್ಲ, ದಿನಾ ನಾನೇ ಖುದ್ದು ಓಪನ್ ಆಗ್ಲಾ ಅಂತ. ಮತ್ತೆ ಅಪ್ಡೇಟ್ ಬಂದರೆ ಎಲ್ಲದರ ಮೇಲೆ ಬರ್ಲಾ ಅಂತ. ನೀವು ಏನು ಒತ್ತಿದ್ರಿ?”

ಶೇಖರಣ್ಣ ಹೇಳಿದ. “ಯೆಸ್.”

“ಎಲ್ಲದಕ್ಕೂ?”

“ಪೂಜೆಯ ದಿನ.”

ಅವಳಿಗೆ ಅರ್ಥವಾಗಲಿಲ್ಲ. ನಕ್ಕಳು. ಮಡಚುವ ಹಲಗೆ ಎತ್ತಿ ಒಳಗೆ ಬಂದಳು. ಕೆಳಗಿನ ಪಟ್ಟಿಯ ಮೇಲೆ ಮೌಸಿನ ಬಲಗಡೆಯ ಗುಂಡಿ ಒತ್ತಿಸಿ ಟಾಸ್ಕ್ ಮ್ಯಾನೇಜರ್ ತೆರೆಸಿದಳು. ಅದರಲ್ಲಿ ಸ್ಟಾರ್ಟಪ್ ಎಂಬ ಪಟ್ಟಿ. ಕಂಪ್ಯೂಟರು ಎದ್ದ ಕೂಡಲೇ ಯಾರು ಯಾರು ಏಳಬೇಕು ಎಂಬ ಹೆಸರುಗಳು. ರಾಕ್ಷಸನ ಹೆಸರಿನ ಎದುರು ಡಿಸೇಬಲ್, ಎಂದರೆ ಏಳಬೇಡ, ಒತ್ತಲು ಹೇಳಿದಳು. ಗಡಿಯಾರದ ಪಕ್ಕ ಬಾಣದ ಗುರುತಿನೊಳಗೆ ಅದು ಅಡಗಿ ಕೂತಿತ್ತು. ಅಲ್ಲಿಂದಲೂ ಹೊರಗೆ ಕಳಿಸಿದಳು.

“ನೀವೇ ಮಾಡಿ ಅಂಕಲ್, ನಾನು ದಿನಾ ಬರ್ಲಿಕ್ಕೆ ಆಗೋದಿಲ್ಲ. ಹಾಂ, ಬಸ್. ಈಗ ಬರೋದಿಲ್ಲ.”

ಶೇಖರಣ್ಣ ಮೂರು ಸಲ ರೀಸ್ಟಾರ್ಟ್ ಮಾಡಿ ನೋಡಿದ. ಬಿಲ್ಲಿನ ಪುಟ ಮಾತ್ರ ಬಂತು. ಡೋಲಿಲ್ಲ.

ಗುರುವಾರ ಬೆಳಿಗ್ಗೆ ನನ್ನ ಮೆಷಿನು ನಿಲ್ಲದೆ ಚೀಟಿ ಉಗುಳಿತು. ಹನ್ನೊಂದು ಗಂಟೆಗೆ ಧಣಿಗಳು ಕೌಂಟರಿಗೆ ಕೈ ಊರಿ ನಿಂತು ದೊಡ್ಡ ಸ್ವರದಲ್ಲಿ ಹೇಳಿದರು.

“ನೋಡಿದೆಯಾ ಶೇಖರ? ಅಜಯ್ ಹತ್ರ ಬರ್ಬೇಡ ಅಂದದ್ದೇ, ಆಟ ನಿಂತೇಹೋಯ್ತು. ಅವನೇ ಕಳ್ಳ. ಶನಿವಾರ ಅವ ಬ್ಯಾಗ್ ಕಟ್ಲಿ. ನಿತಿನ್‌ಗೆ ಬರ್ಬೇಡ ಅಂತ ಫೋನ್ ಮಾಡ್ತೇನೆ. ಕುರ್ಚಿ ಇನ್ನು ನಿಂದೇ.”

ಶೇಖರಣ್ಣ ಬಾಯಿ ತೆರೆದ. ಆಗ ಒಬ್ಬ ಗಿರಾಕಿ ಎರಡು ಇಡ್ಲಿ ಎಂದ. ಅವನು ಹನ್ನೆರಡು ಒತ್ತಿದ.

ಮಧ್ಯಾಹ್ನ ಅಡುಗೆಮನೆಗೆ ಬಂದು ನನಗೆ ಎಲ್ಲ ಹೇಳಿದ. ಯೆಸ್ ಒತ್ತಿದ್ದು, ಕೃಪಾ ಬಂದದ್ದು, ಡಿಸೇಬಲ್ ಮಾಡಿದ್ದು.

“ಹೇಳಿದ್ರೆ ನಾನು ತವಾಕ್ಕೆ” ಎಂದ.

“ಸುಮ್ನಿರು ಮಾರಾಯ” ಎಂದೆ ನಾನು. “ಅಜಯನಿಗೆ ಕಾಲುಂಟು. ಎಲ್ಲಿ ಹೋದ್ರೂ ಕೆಲ್ಸ ಸಿಕ್ತದೆ.”

ಹೇಳಿದ್ದು ನಾನೇ. ಇಲ್ಲಿ ಮುಚ್ಚಿಡುವುದಿಲ್ಲ. ಆಗ ಅದು ಸರಿ ಅನಿಸಿತ್ತು.

ಶುಕ್ರವಾರವೂ ಚೀಟಿಗಳು ಸರಿಯಾಗಿ ಬಂದವು. ಅಜಯ್ ತಟ್ಟೆ ಇಡುವಾಗ ಸದ್ದು ಜಾಸ್ತಿ. ಒಮ್ಮೆ ಕೌಂಟರಿನ ಮುಂದೆ ಹೋಗುವಾಗ ಹೇಳಿದ, “ಶೇಖರಣ್ಣ, ನೀವಾದ್ರೂ ಹೇಳಿ. ಆ ದಿನ ನೀವು ಕೈ ತೊಳೀಲಿಕ್ಕೆ ಹೋಗಿದ್ರಿ. ನಾನು ಆಡಿದ್ದು ನೋಡಿದ್ರಾ?”

“ನೋಡ್ಲಿಲ್ಲ.”

“ಮತ್ತೆ ಹೇಳಿ.”

ಶೇಖರಣ್ಣ ಪರದೆ ನೋಡುತ್ತ ಕೂತ. ರಾಕ್ಷಸ ಬಂದಿದ್ದ ದಿನಗಳಿಗಿಂತ ಅವನ ಮುಖ ಕೆಟ್ಟದಾಗಿತ್ತು. ಆಗ ಮುಚ್ಚಲು ಒಂದು ಗುರುತಾದರೂ ಇತ್ತು. ಸಂಜೆ ಅವನು ಕುರ್ಚಿಯಿಂದ ಏಳಲು ನೋಡಿದ, ಮತ್ತೆ ಕೂತ. ಹೀಗೆ ಎರಡು ಸಲ. ಕಾಲು ಗುಣವಾಗುತ್ತಿತ್ತು. ಬಾವು ಇಳಿದಿದೆ ಎಂದು ನಾಗವೇಣಿ ನನ್ನ ಹೆಂಡತಿಗೆ ಸಂತೋಷದಿಂದ ಹೇಳಿದ್ದಳು.

ಶನಿವಾರ ಬೆಳಿಗ್ಗೆ ಒಂಬತ್ತು. ಹೋಟೆಲು ತುಂಬಿತ್ತು. ಅಜಯ್‌ನ ಬ್ಯಾಗು ಬಾಗಿಲ ಹತ್ತಿರ. ಇದೊಂದು ಹೊತ್ತು ಮುಗಿಸಿ ಹೋಗು ಎಂದಿದ್ದರು ಧಣಿಗಳು. ಅವರು ಕೌಂಟರಿನ ಪಕ್ಕದಲ್ಲೇ ನಿಂತಿದ್ದರು. ನನ್ನ ಮೆಷಿನು ಸುಮ್ಮನಾಯಿತು. ನಾನು ಕಿಂಡಿಯಿಂದ ನೋಡಿದೆ. ಶೇಖರಣ್ಣ ಆ ಸ್ಟಾರ್ಟಪ್ ಪಟ್ಟಿ ತೆರೆದಿದ್ದ. ಬೆರಳಿಟ್ಟು ಅಕ್ಷರ ಕೂಡಿಸಿ ಓದುತ್ತಿದ್ದ. ಏನೋ ಒತ್ತಿದ. ಪರದೆ ಕಪ್ಪಾಯಿತು.

“ಎಂತ ಮಾಡಿದೆ?” ಎಂದರು ಧಣಿಗಳು. “ಈಗ ಯಾಕೆ ಬಂದ್ ಮಾಡಿದೆ? ರಶ್ ಉಂಟಲ್ಲ!”

ಎಲ್ಲರೂ ಕಾದರು. ಪರದೆ ಬೆಳಗಿತು. ಡೋಲು ಬಡಿಯಿತು. ಕೊಂಬಿನ ರಾಕ್ಷಸ ಕತ್ತಿ ಎತ್ತಿ ನಿಂತ.

ಧಣಿಗಳು ಬಾಗಿಲ ಕಡೆ ನೋಡಿದರು. ಅಜಯ್ ಮೂರು ತಟ್ಟೆ ಹಿಡಿದು ಆರನೇ ಟೇಬಲಿನ ಹತ್ತಿರ ಇದ್ದ.

“ಅವನಲ್ಲ” ಎಂದ ಶೇಖರಣ್ಣ. “ಕೇಳಿದಾಗ ಯೆಸ್ ಒತ್ತಿದ್ದು ನಾನು. ಪೂಜೆಯ ದಿನ. ಬುಧವಾರ ತೆಗ್ದೆ. ಈಗ ತೋರಿಸ್ಲಿಕ್ಕೆ ಮತ್ತೆ ಹಾಕಿದೆ.”

ಮತ್ತೆ ಆ ಪಟ್ಟಿ ತೆರೆದು, ಧಣಿಗಳ ಕಣ್ಣೆದುರೇ ಡಿಸೇಬಲ್ ಮಾಡಿದ. ಬಿಲ್ಲಿನ ಪುಟ ತಂದ.

ಪೂಜೆಯ ದಿನ ಹೌದು ಅನ್ನು ಎಂದವರು ತಾವೇ ಎಂಬುದು ಧಣಿಗಳಿಗೂ ನೆನಪಾಗಿರಬೇಕು. ಅದಕ್ಕವರು ಸಿಟ್ಟಾಗಲಿಲ್ಲ. ಸಿಟ್ಟು ಬಂದದ್ದು ಬೇರೆಯದಕ್ಕೆ.

“ಬುಧವಾರವೇ ಗೊತ್ತಿತ್ತಾ ನಿಂಗೆ?”

“ಗೊತ್ತಿತ್ತು.”

“ನಾನು ಎಲ್ಲರೆದುರು ಅವನನ್ನು ಕಳ್ಳ ಅಂದೆ. ನೀ ಇಲ್ಲೇ ಕೂತಿದ್ದಿ. ನನ್ನ ಬಾಯಲ್ಲಿ ಸುಳ್ಳು ಹೇಳಿಸಿದಿ ನೀನು.”

“ಹೌದು.”

“ಕೌಂಟರಲ್ಲಿ ಕೂರುವವನನ್ನು ನಾನು ನಂಬಬೇಕು ಶೇಖರ.”

ಶೇಖರಣ್ಣ ಹಲಗೆ ಎತ್ತಿ ಹೊರಗೆ ಬಂದ. ಆವತ್ತು ಮಧ್ಯಾಹ್ನದ ತನಕ ಧಣಿಗಳೇ ಕೂತರು. ನಂಬರು ಗೊತ್ತಿಲ್ಲದೆ ಒಂದೊಂದನ್ನೂ ಕಿಂಡಿಯಿಂದ ನನ್ನ ಹತ್ತಿರ ಕೇಳುತ್ತಿದ್ದರು. ನನ್ನ ಬದಲು ಶೇಖರಣ್ಣ ಒಳಗಿಂದ ಹೇಳುತ್ತಿದ್ದ. ಬ್ಯಾಗು ಒಳಗಿಡು ಎಂದು ಧಣಿಗಳು ಅಜಯ್‌ಗೆ ಹೇಳಿದ್ದೂ ಆಗಲೇ, ಪರದೆಯಿಂದ ಕಣ್ಣೆತ್ತದೆ. ತಪ್ಪಾಯಿತು ಎಂದು ಧಣಿಗಳು ಹೇಳಲಿಲ್ಲ. ಏಳನೇ ಟೇಬಲಿಗೆ ನೀರು ಕೊಡು ಎಂದರು.

ಸೋಮವಾರ ನಿತಿನ್ ಅಹಮದಾಬಾದಿನಿಂದ ಬಂದ. ಒಳ್ಳೆಯ ಹುಡುಗ. ಚುರುಕು.

ಶೇಖರಣ್ಣ ಈಗ ತವಾದ ಮುಂದೆ ಇದ್ದಾನೆ, ನನ್ನಿಂದ ನಾಲ್ಕು ಅಡಿ ದೂರ. ಕಾಲು ಮತ್ತೆ ಊದಿದೆ. ನಾಗವೇಣಿ ಎರಡು ಪಟ್ಟಿ ಬಿಗಿಯುತ್ತಾಳೆ. ಅವಳು ನನ್ನೊಡನೆ ಮಾತು ಕಡಿಮೆ ಮಾಡಿದ್ದಾಳೆ. ಗುರುವಾರ ನಾನು ಹೇಳಿದ್ದನ್ನು ಅವನು ಅವಳಿಗೆ ತಿಳಿಸಿದನೋ, ಅಥವಾ ಶನಿವಾರ ನಾನು ಅವನನ್ನು ತಡೆಯಲಿಲ್ಲ ಎಂದು ಸಿಟ್ಟೋ, ಗೊತ್ತಿಲ್ಲ. ಕೇಳುವ ಧೈರ್ಯ ನನಗಿಲ್ಲ.

ಕಂಪ್ಯೂಟರು ಏನಾದರೂ ಹಟ ಹಿಡಿದರೆ ನಿತಿನ್ ಕಿಂಡಿಯಿಂದ ಕರೆಯುತ್ತಾನೆ. “ಶೇಖರಣ್ಣ, ಒಂಚೂರು ಬನ್ನಿ.” ಇವನು ದೋಸೆ ಮಗುಚಿ, ಉರಿ ತಗ್ಗಿಸಿ, ಕೈ ಒರೆಸಿಕೊಂಡು ಹೋಗುತ್ತಾನೆ. ನಿತಿನ್ ಕುರ್ಚಿ ಬಿಟ್ಟು ಏಳುತ್ತಾನೆ. ಇವನು ನಿಂತುಕೊಂಡೇ ಸರಿ ಮಾಡಿ ಬರುತ್ತಾನೆ.